ಊರು ಸಿಗದೆ ಉಳಿದ ಬಂದರು

ನಮ್ಮ ಮನೆಯವರು ಹೊಸ ಕಾದಂಬರಿ ಹಿಡಿದರೆಂದರೆ ಮೊದಲು ಅದರ ಊರುಗಳನ್ನೆಲ್ಲ ಎತ್ತಿ ತಂದು ನಮ್ಮ ಕಡೆ ಇಡುತ್ತಿದ್ದರು. ಪುಸ್ತಕ ಆಫ್ರಿಕಾದ್ದಿರಲಿ, ಲಂಕೆಯದ್ದಿರಲಿ, ಬಂಗಾಲದ್ದಿರಲಿ, ಅದರ ರಾಜಧಾನಿ ಕಲಬುರಗಿ. ಹೊಳೆ ಇರುವ ಊರು ಅಫಜಲಪುರ. ಸಂತೆ ಸೇರುವ ಊರು ನಾವಿರುವ ಆಳಂದ. ಹೋಗುವುದು ಸುಲಭ, ತಿರುಗಿ ಬರಲು ಬಸ್ಸು ಕಾಯಬೇಕು ಅನ್ನುವಂಥ ಊರು ಬಂದರೆ ಅದು ಯಡ್ರಾಮಿ.

ಅವರು ಇಲ್ಲಿಯ ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸುತ್ತಿದ್ದರು. ಬರೆಯುತ್ತಿದ್ದುದು ವಿಮರ್ಶೆ. ಒಂದು ಕಾಲಕ್ಕೆ ಇಂಗ್ಲಿಷರ ಕೈಯಲ್ಲಿದ್ದ ದೇಶಗಳವರು ಬರೆದ ಪುಸ್ತಕಗಳೆಂದರೆ ಅವರಿಗೆ ಜೀವ. ನಾನು ಹತ್ತನೆಯ ತನಕ ಕನ್ನಡದಲ್ಲಿ ಓದಿದವಳು. ಇಂಗ್ಲಿಷಿನಲ್ಲಿ ಬಸ್ಸಿನ ಬೋರ್ಡು, ಗುಳಿಗೆ ಚೀಟಿ ಓದುತ್ತೇನೆ, ಅಷ್ಟೇ. ಸಂಜೆ ನಾನು ರೊಟ್ಟಿ ಬಡಿಯಲು ಕೂತರೆ ಅವರು ಅಡುಗೆಮನೆಯ ಹೊಸ್ತಿಲ ಮೇಲೆ ಕೂಡುತ್ತಿದ್ದರು. ಕಣ್ಣು ಇಂಗ್ಲಿಷಿನಲ್ಲಿ ಓದುತ್ತಿತ್ತು, ಬಾಯಿ ನಮ್ಮ ಮಾತಿನಲ್ಲಿ ಹೇಳುತ್ತಿತ್ತು. ನನಗೆ ಹೇಳಿ ಮುಗಿಸುವ ತನಕ ಆ ಪುಸ್ತಕದ ಬಗ್ಗೆ ತಮಗೆ ಏನನ್ನಿಸಿದೆ ಎಂಬುದು ತಮಗೇ ತಿಳಿಯುವುದಿಲ್ಲ ಎನ್ನುತ್ತಿದ್ದರು.

ಊರು ಬದಲಿಸುವುದು ಶುರುವಾದದ್ದು ನನ್ನಿಂದಲೇ. ಪರದೇಶದ ಹೆಸರು ನನ್ನ ತಲೆಯಲ್ಲಿ ನಿಲ್ಲುತ್ತಿರಲಿಲ್ಲ. ಅಣ್ಣ ಇರುವ ಊರಿಗೆ ತಂಗಿಯನ್ನು ಕಳಿಸಿ, ತಂಗಿ ಇರುವ ಊರಲ್ಲಿ ಗಲಾಟೆ ಎಬ್ಬಿಸಿ, ಕಥೆಯನ್ನೆಲ್ಲ ಕಲಸಿ ಇಡುತ್ತಿದ್ದೆ. ಒಂದು ದಿನ ಅವರು ಬೇಸತ್ತು, "ಅದು ಯಡ್ರಾಮಿ ಅಂತ ತಿಳಿ ಬೇ. ಇದು ನರೋಣಾ. ಈಗ ತಿಳೀತಿಲ್ಲೋ?" ಎಂದರು. ತಿಳಿಯಿತು. ಮುಂದೆ ಅದೇ ಅವರ ವಿಮರ್ಶೆಯ ರೀತಿಯೂ ಆಯಿತು.

"ಅವರ ಊರು ತಂದು ಇಲ್ಲಿ ಇಟ್ಟು ನೋಡು. ಮುಕ್ಕಾಲು ಪಾಲು ಹೊಂದ್ತದ. ಎಲ್ಲಿ ಹೊಂದಂಗಿಲ್ಲೋ ಅಲ್ಲಿ ನಿಂತು ನೋಡಬೇಕು. ಬರದವರ ಖರೇ ಊರು ಅಲ್ಲೇ ಇರ್ತದ," ಎನ್ನುತ್ತಿದ್ದರು.

ಈ ರೀತಿಗೆ ಸಾಕ್ಷಿಗಳು ಇಬ್ಬರು, ವೈರಿಗಳೂ ಅವರೇ. ಒಬ್ಬರು ಅಫಜಲಪುರದ ಹೈಸ್ಕೂಲಿನಲ್ಲಿ ಕನ್ನಡ ಕಲಿಸುವ ಮಾಸ್ತರರು. ಇನ್ನೊಬ್ಬರು ಜೇವರ್ಗಿಯ ದನದ ಡಾಕ್ಟರು. ಕಾಲೇಜಿನ ದಿನಗಳಿಂದ ಮೂವರೂ ಗೆಳೆಯರು. ತಿಂಗಳಿಗೊಂದು ಭಾನುವಾರ ಒಬ್ಬರ ಮನೆಯಲ್ಲಿ ಸೇರುತ್ತಿದ್ದರು. ಮೂವರೂ ಒಂದೇ ಪುಸ್ತಕ ಓದಿರಬೇಕು. ಆಯಾ ಮನೆಯಲ್ಲಿ ಮಂಡಕ್ಕಿಯ ಸುಸಲಾ, ಮಿರ್ಚಿ ಭಜಿ ತಯಾರಿರಬೇಕು. ಮಾತಾಡುವವರು ಅವರು. ಕೇಳುತ್ತ, ನಗುತ್ತ, ತಟ್ಟೆ ತುಂಬಿಸುತ್ತ ಇರುವವಳು ನಾನು. ಬೇರೆ ಊರಿನ ಸರದಿ ಬಂದರೂ ನನ್ನನ್ನು ಬಿಟ್ಟು ಹೋಗುತ್ತಿರಲಿಲ್ಲ.

ಒಮ್ಮೆ ಒಂದು ಪುಸ್ತಕದಲ್ಲಿ ತೊಗರಿ ಬೇಳೆ ಎಂದರೇನು, ಅದನ್ನು ಹೇಗೆ ಬೇಯಿಸುತ್ತಾರೆ ಎಂದು ಬರೆದವರು ಅರ್ಧ ಪುಟ ವಿವರಿಸಿದ್ದರು. ಮಾಸ್ತರರಿಗೆ ಸಿಟ್ಟು ತಡೆಯಲಿಲ್ಲ.

"ನಮ್ಮ ಬ್ಯಾಳಿ ಏನಂತ ನಮಗ ಹೇಳಾಕ ಲಂಡನ್ನಿನಾಗ ಕುಂತು ಬರೀಬೇಕೇನು? ಯಾರ ಸಲುವಾಗಿ ಬರದಾನ ಇಂವ?"

"ಬ್ಯಾಳಿ ನೋಡದವನೂ ರೊಕ್ಕಾ ಕೊಟ್ಟು ಪುಸ್ತಕ ತಗೊಂಡಿರ್ತಾನೋ ಮಾರಾಯಾ," ಎಂದರು ಡಾಕ್ಟರು. "ಅವ ಏನು ಉಪಾಸ ಕೂಡಬೇಕೇನು?"

"ನೀ ಎಮ್ಮಿ ನೋಡೂದು ಬಿಟ್ಟು ವಿಮರ್ಶಾ ಯಾವಾಗ ಕಲ್ತಿ?"

"ಎಮ್ಮಿ ನೋಡಿನೇ ಕಲ್ತೇನಿ. ಅದಕ್ಕ ಎಲ್ಲಿ ನೋವು ಅದ ಅಂತ ಅದು ಹೇಳಂಗಿಲ್ಲ. ನಿಮ್ಮ ಲೇಖಕರೂ ಹೇಳಂಗಿಲ್ಲ."

ಆಗ ನಮ್ಮ ಮನೆಯವರು ಮಿರ್ಚಿಯ ತೊಟ್ಟು ಹಿಡಿದುಕೊಂಡೇ ನಗುತ್ತ ಹಿಂದಕ್ಕೆ ಒರಗಿದ್ದು ನನಗೆ ಈಗಲೂ ಕಾಣುತ್ತದೆ.

ಕೊಳಕೂರಿನ ಸಂಗತಿಯನ್ನೂ ಹೇಳಬೇಕು. ಕೊಳಕೂರ ಜೇವರ್ಗಿಯ ಕಡೆಯ ಹಳ್ಳಿ. ಆಫ್ರಿಕಾದ ಒಂದು ಕಾದಂಬರಿಯಲ್ಲಿ ಗಂಡ ಸತ್ತ ಒಬ್ಬಳು ಬಾವಿಯ ಸಲುವಾಗಿ ಮೈದುನನ ಮೇಲೆ ಕೋರ್ಟಿಗೆ ಹೋಗಿ ಗೆಲ್ಲುತ್ತಾಳೆ. ಅವಳನ್ನು ನಮ್ಮ ಮನೆಯವರು ಕೊಳಕೂರಿನಲ್ಲಿ ಇಟ್ಟಿದ್ದರು. ನನಗೆ ಅವಳು ಬಹಳ ಸೇರಿದ್ದಳು. ಪುಸ್ತಕ ಮುಗಿದು ಎಷ್ಟೋ ತಿಂಗಳಾದ ಮೇಲೆ ಕಲಬುರಗಿಯ ಒಂದು ಮದುವೆಯಲ್ಲಿ ನನ್ನ ಪಕ್ಕ ಊಟಕ್ಕೆ ಕೂತ ಹೆಣ್ಣುಮಗಳು ತನ್ನದು ಕೊಳಕೂರ ಎಂದಳು. ನಾನು ಯೋಚಿಸಲೇ ಇಲ್ಲ.

"ನಿಮ್ಮೂರಾಗ ಬಾವಿ ಸಲುವಾಗಿ ಮೈದುನನ ಕೂಡ ಕೋರ್ಟಿಗಿ ಹೋಗಿದ್ದಳಲ್ರಿ, ಆಕಿ ಈಗ ಹ್ಯಾಂಗ ಅದಾಳ್ರಿ?"

ಆಕೆ ಹೋಳಿಗೆ ಮುರಿಯುತ್ತ ಸ್ವಲ್ಪ ನೆನಪು ಮಾಡಿಕೊಂಡಳು. "ಹೌದ್ರಿ, ಹೌದ್ರಿ. ಆರಾಮ ಅದಾಳ್ರಿ. ಬಾವಿಗಿ ಈಗ ಮೋಟರ್ ಕೂಡಿಸ್ಯಾಳ."

"ಮೈದುನ ಸುಮ್ಮ ಅದಾನೇನ್ರಿ?"

"ಏನ್ ಸುಮ್ಮ ಇರ್ತಾನ್ರಿ, ಬಿಡ್ರಿ. ಆದ್ರ ಆಕಿ ಬಾಯಿ ಮುಂದ ಅವಂದು ನಡಿಯಂಗಿಲ್ಲ."

ನನಗೆ ಎಷ್ಟು ಸಮಾಧಾನವಾಯಿತೆಂದರೆ ಇನ್ನೊಂದು ಹೋಳಿಗೆ ಹಾಕಿಸಿಕೊಂಡೆ. ತಿರುಗಿ ಬರುವಾಗ ಬಸ್ಸಿನಲ್ಲಿ ಅವರಿಗೆ ಹೇಳಿದೆ, "ಕೊಳಕೂರಾಕಿ ಬಾವಿಗಿ ಮೋಟರ್ ಕೂಡಿಸ್ಯಾಳಂತ್ರಿ."

"ಯಾವಾಕಿ?"

ಬಾಯಿ ತೆರೆದೆ. ಆಗಲೇ ನೆನಪಾದದ್ದು. ಅವರಿಗೂ ಅದೇ ಗಳಿಗೆಯಲ್ಲಿ ತಿಳಿಯಿತು. ನಕ್ಕರು. ನಗು ನಿಲ್ಲಿಸಲಿಕ್ಕೆ ಕಿಟಕಿಯ ಸರಳು ಹಿಡಿದುಕೊಂಡರು. ಕಂಡಕ್ಟರು ಬಂದು, "ಏನಾತ್ರಿ ಸರ್, ಆರಾಮ ಇಲ್ಲೇನ್ರಿ?" ಎಂದು ಕೇಳಿದ. "ಇಲ್ಲಪ್ಪ, ನಮ್ಮ ಬೀಗರು ಮೋಟರ್ ಕೂಡಿಸ್ಯಾರ," ಎಂದು ಕಣ್ಣು ಒರೆಸಿಕೊಂಡರು. ಹಾಗಾದರೆ ಮದುವೆಯಲ್ಲಿ ಆ ಹೆಣ್ಣುಮಗಳು ಹೇಳಿದ್ದು ಯಾರ ಸುದ್ದಿ? ಬಾವಿಗಾಗಿ ಹೊಡೆದಾಡಿದವರು ಯಾವ ಹಳ್ಳಿಯಲ್ಲಿ ಇಲ್ಲ? ಇದ್ದಿರಬಹುದು.

ಮುಂದಿನ ಭಾನುವಾರ ಅಫಜಲಪುರದಲ್ಲಿ ಇದೇ ದೊಡ್ಡ ವಾದವಾಯಿತು. ಮಾಸ್ತರರು ಎದ್ದು ನಿಂತು, ವರ್ಗದಲ್ಲಿ ಪಾಠ ಮಾಡಿದಂತೆ ಮಾಡಿದರು.

"ಇದನ್ನಽ ನಾ ಹೇಳಾಕತ್ತಿದ್ದೆ. ಇಂಗ್ಲಿಷರು ಬಂದು ನಮ್ಮ ಊರ ಹೆಸರು ತಮ್ಮ ನಾಲಿಗಿಗಿ ಬೇಕಾದಂಗ ತಿರುವಿದರು. ಈಗ ನೀ ಆ ಆಫ್ರಿಕಾದಾಕಿನ್ನ ಒಯ್ದು ಕೊಳಕೂರಾಗ ಕೂಡಿಸಿ, ಮೋಟರ್ ಬ್ಯಾರೆ ಹಾಕಿಸಿದಿ. ಆಕಿ ಊರು ಎಲ್ಲಿ ಹೋತು? ನಿನಗೂ ಅವರಿಗೂ ಏನು ಫರಕ್?"

"ನಮ್ಮ ಕಡಿ ಇಂಗ್ಲಿಷರು ಎಲ್ಲಿದ್ದರೋ?" ಡಾಕ್ಟರು ಕೂತಲ್ಲಿಂದಲೇ ಕೇಳಿದರು. "ನಮ್ಮದು ನಿಜಾಮನ ರಾಜ್ಯ."

"ನಿಜಾಮನ ತಲಿ ಮ್ಯಾಲೆ ಯಾರು ಕುಂತಿದ್ದರು? ಅದನ್ನ ಹೇಳು."

ನಮ್ಮ ಮನೆಯವರು ಚಹಾದ ಬಸಿ ಕೆಳಗಿಟ್ಟರು. ಮಾಸ್ತರರ ಮಾತು ಅವರಿಗೆ ತಾಗಿತ್ತು, ಸುಳ್ಳು ಎನ್ನಲಿಲ್ಲ. "ಬೀಗರು ನಮ್ಮನಿಗಿ ಬಂದು ನಾಕ ದಿನ ಇದ್ದರ ಅವರ ಊರು ಹೋಗ್ತದೇನು?" ಎಂದು ನಿಧಾನಕ್ಕೆ ಕೇಳಿದರು. "ಇಟಗೋತೀವಿ. ಉಣಸ್ತೀವಿ. ತಿರುಗಿ ಕಳಸ್ತೀವಿ."

"ನೀ ಕಳಿಸಿಲ್ಲಲ್ಲ. ಆಕಿ ಇನ್ನೂ ಕೊಳಕೂರಾಗ ಅದಾಳ."

ಆ ಮಾತಿನ ಮೇಲೆಯೇ ನಮ್ಮ ಮನೆಯವರು ಒಂದು ಲೇಖನ ಬರೆದು, ಕೊನೆಯಲ್ಲಿ ಸೋತೆ ಎಂದು ತಾವೇ ಒಪ್ಪಿಕೊಂಡರು. ಆ ಲೇಖನ ಅಚ್ಚಾದಾಗ ಮಾಸ್ತರರು ಪೇಢೆ ತಂದಿದ್ದರು. ಆದರೂ ಇವರು ಊರು ಬದಲಿಸುವುದನ್ನು ಬಿಡಲಿಲ್ಲ, ಅವರು ಬೈಯುವುದನ್ನು ಬಿಡಲಿಲ್ಲ.

ಕೊನೆಯ ಪುಸ್ತಕ ಒಂದು ದ್ವೀಪದ್ದು. ಹಿಂದೆ ನಮ್ಮ ದೇಶದಿಂದ ಕಬ್ಬು ಕಡಿಯಲು ಹಡಗಿನಲ್ಲಿ ಒಯ್ದ ಜನರ ವಂಶದ ಒಬ್ಬ ಹೆಣ್ಣುಮಗಳು ಬರೆದದ್ದು. ಅದರ ನಾಯಕಿ ಸಣ್ಣ ವಯಸ್ಸಿನಲ್ಲಿ ಹೋಗಿ, ಅಲ್ಲಿಯೇ ಮುದುಕಿಯಾಗಿ, ಒಮ್ಮೆ ತನ್ನ ಊರು ನೋಡಬೇಕೆಂದು ಹಡಗು ಹತ್ತುತ್ತಾಳೆ. ಅವಳ ತವರನ್ನು ಇವರು ನಮ್ಮ ಆಳಂದದ ಹತ್ತಿರದ ಹಳ್ಳಿ ನರೋಣಾದಲ್ಲಿ ಇಟ್ಟರು. ಕಬ್ಬಿನ ತೋಟವೆಲ್ಲ ಅಫಜಲಪುರ. ಮಾಸ್ತರರು ಬಾಯಲ್ಲಿ ಬೈದರೂ ಒಳಗೆ ಖುಷಿಪಟ್ಟರು. ಜೇವರ್ಗಿಗೆ ಬಂದದ್ದು ಪೊಲೀಸ್ ಠಾಣೆ ಮಾತ್ರ. "ಪ್ರತಿ ಪುಸ್ತಕದಾಗೂ ನಮಗ ಠಾಣಾನೇ ಬರ್ತದಲ್ಲೋ," ಎಂದು ಡಾಕ್ಟರು ದೂರಿದರು.

ಒಂದು ಸಂಜೆ ಮುದುಕಿಯ ಹಡಗು ಬಂದರಿನ ದೀಪಗಳು ಕಾಣುವಷ್ಟು ಹತ್ತಿರ ಬಂತು. ನಮ್ಮ ಮನೆಯವರು ಅಲ್ಲಿ ನಿಂತರು.

"ಈ ಬಂದರಕ್ಕ ಯಾವ ಊರು ಕೊಡೂದು? ನಮ್ಮ ಕಡಿ ಸಮುದ್ರ ಇಲ್ಲ."

"ಭೀಮಾ ಹೊಳಿ ದಂಡಿ ಅನ್ರಿ," ಎಂದೆ.

"ಹೊಳಿಯಾಗ ಅಷ್ಟು ದೊಡ್ಡ ಹಡಗ ಎಲ್ಲಿ ಹಿಡಸ್ತದ ಬೇ? ತಡಿ, ವಿಚಾರ ಮಾಡ್ತೇನಿ." ಪುಟದ ನಡುವೆ ಬಸ್ಸಿನ ಟಿಕೆಟ್ ಇಟ್ಟು ಪುಸ್ತಕ ಮುಚ್ಚಿದರು. ರೊಟ್ಟಿ ಬಿಸಿ ಇತ್ತು, ಉಂಡೆವು.

ಆ ವಾರವೇ ಹೋದರು. ಎದೆ ನೋವೆಂದು ಕಲಬುರಗಿಗೆ ಕರೆದುಕೊಂಡು ಹೊರಟಿದ್ದೆವು, ಮುಟ್ಟಲಿಲ್ಲ. ಅದರ ಬಗ್ಗೆ ಇಲ್ಲಿ ಹೆಚ್ಚು ಬರೆಯುವುದಿಲ್ಲ.

ಜನ ಬಂದರು, ಹೋದರು. ಮಗಳು ಬಂದು ಕೆಲವು ದಿನ ಇದ್ದಳು. ಮನೆಯಲ್ಲಿ ಒಬ್ಬಳೇ ಆದ ಮೇಲೆ ನನ್ನನ್ನು ಕಾಡಿದ್ದು ವಿಚಿತ್ರ ಸಂಗತಿ. ಮುದುಕಿ ಇನ್ನೂ ಹಡಗಿನಲ್ಲೇ ಇದ್ದಾಳೆ. ಪುಸ್ತಕ ಇಂಗ್ಲಿಷಿನಲ್ಲಿದೆ, ಅವಳನ್ನು ಇಳಿಸಲು ನನ್ನಿಂದಾಗದು. ಬೇರೆಯವರ ಕೈಗೆ ಕೊಡಲೂ ಮನಸ್ಸಿಲ್ಲ. ಬೇರೆ ಬಾಯಿಂದ ಕಥೆ ಮುಗಿದರೆ ಹೊಸ್ತಿಲ ಮೇಲೆ ಕೂತವರು ಪೂರ್ತಿ ಎದ್ದು ಹೋದಂತೆ. ಮುಗಿಯದಿದ್ದರೆ ಆ ಮುದುಕಿ ನೀರಿನ ಮೇಲೆಯೇ.

ಮಾಸ್ತರರು ಮಾತನಾಡಿಸಲು ಬಂದಾಗ, "ಕಡೀಕ ಏನಾಗ್ತದಂತ ನಾ ಎರಡು ಮಾತಿನಾಗ ಹೇಳಿಬಿಡ್ಲೇನ್ರಿ ವೈನಿ?" ಎಂದರು.

"ಬ್ಯಾಡ್ರಿ," ಎಂದೆ. ಪುಸ್ತಕವನ್ನು ಬೇಳೆಯ ಡಬ್ಬಿಯ ಹಿಂದೆ ಇಟ್ಟೆ.

ಸುಗ್ಗಿ ಮುಗಿಯಿತು. ಬಿಸಿಲು ಏರಿತು. ಒಂದು ದಿನ ಬೇಳೆ ತೆಗೆಯಲು ಹೋದರೆ ಪುಸ್ತಕ ಕೈಗೆ ಬಂತು, ಟಿಕೆಟ್ಟಿನ ತುದಿ ಹೊರಗೆ ಚಾಚಿತ್ತು. ಆ ಮುದುಕಿಯ ಮೇಲೆ ನನಗೆ ಮರುಕ ಬಂತು. ನನ್ನ ದುಃಖಕ್ಕೆ ಅವಳನ್ನು ಯಾಕೆ ಕಾಯಿಸಬೇಕು? ಇಬ್ಬರಿಗೂ ಫೋನು ಮಾಡಿ, "ಈ ಭಾನುವಾರ ನಮ್ಮನಿ ಸರದಿ. ಹಸಗೊಂಡು ಬರ್ರಿ," ಎಂದೆ. ಆ ಕಡೆಯಿಂದ ಡಾಕ್ಟರು, "ಮಿರ್ಚಿ ಇರ್ತಾವೇನ್ರಿ ವೈನಿ?" ಎಂದರು.

ಇಬ್ಬರೂ ಬಂದರು. ಮೊದಲು ಗಂಟಲು ಸರಿಮಾಡಿಕೊಂಡು ಮಾಸ್ತರರು ಪುಸ್ತಕ ಹಿಡಿದರು. ಹೊಸ್ತಿಲ ಮೇಲೆ ಕೂಡಲಿಲ್ಲ, ಕುರ್ಚಿ ತಂದುಕೊಂಡರು. "ಆಗ ಆ ವೃದ್ಧೆಯು ನೌಕೆಯ ಅಂಚಿನಲ್ಲಿ ನಿಂತು ಮಾತೃಭೂಮಿಯನ್ನು ಅವಲೋಕಿಸುತ್ತ," ಎಂದು ಶುರು ಮಾಡಿದರು.

"ಮಾಸ್ತರ್ರಿ," ಎಂದೆ, "ಆಕಿ ನರೋಣಾದಾಕಿ. ಹಂಗ ಅವಲೋಕಿಸಂಗಿಲ್ಲ."

ಡಾಕ್ಟರು ಪುಸ್ತಕ ಕಸಿದುಕೊಂಡರು. "ಕೊಡೋ ಇಲ್ಲಿ. ಹಡಗದಾಗಿನ ಮಂದಿಗೆಲ್ಲ ಪರೀಕ್ಷಾ ಇಡಾಕತ್ತೀಯೇನು?"

ಅವರು ಓದಿದ್ದು ಬೇರೆ ರೀತಿ. ಬೆದರಿದ ಆಕಳ ಹತ್ತಿರ ಹೋಗುವಾಗ ಮಾತಾಡುವಂತೆ ಮೆಲ್ಲಗೆ, ನಡುನಡುವೆ ನಿಂತು, ಸರಿಯಾದ ಮಾತು ಹುಡುಕುತ್ತ. ನಮ್ಮ ಮನೆಯವರ ದನಿ ಅಲ್ಲ. ಆದರೂ ನನ್ನ ಕೈ ತನ್ನಷ್ಟಕ್ಕೆ ಹಿಟ್ಟು ನಾದತೊಡಗಿತು. ಹಡಗು ದಡಕ್ಕೆ ಬಂತು. ಅಲ್ಲಿ ಆ ಬಂದರಿನ ಹೆಸರು ಬಂತು. ಡಾಕ್ಟರು ಅದನ್ನು ಇದ್ದಂತೆ ಓದಿ, ತಲೆ ಎತ್ತಿ ನನ್ನನ್ನು ನೋಡಿದರು.

"ಅದಕ್ಕ ಅವ ಏನು ಊರು ಕೊಟ್ಟಿದ್ದಾ?"

"ಕೊಟ್ಟಿರಲಿಲ್ರಿ. ವಿಚಾರ ಮಾಡ್ತೇನಿ ಅಂದಿದ್ದರು."

ಮಾಸ್ತರರು ಕುರ್ಚಿ ಮುಂದಕ್ಕೆ ಎಳೆದುಕೊಂಡರು. "ಅಫಜಲಪುರ ಅನ್ರಿ ವೈನಿ. ನಮ್ಮ ಹೊಳಿ ದಂಡಿ. ಅಲ್ಲೇ ಇಳಿಸಿಬಿಡ್ರಿ ಆಕಿನ್ನ."

"ಯಾಕ್ರಿ ಮಾಸ್ತರ, ಮಂದಿ ಊರಿಗಿ ನಮ್ಮ ಹೆಸರು ಇಡಬಾರದಲ್ಲ?" ಡಾಕ್ಟರು ಕೆಣಕಿದರು.

"ನೀ ಸುಮ್ಮ ಕೂಡು," ಎಂದರು ಮಾಸ್ತರರು. "ಈ ಒಂದು ಸಲ ಇರಲಿ."

ಇಬ್ಬರೂ ನನ್ನನ್ನು ನೋಡುತ್ತಿದ್ದರು. ಹೊಳೆಯ ದಂಡೆಯನ್ನು ಮನಸ್ಸಿನಲ್ಲಿ ಇಟ್ಟು ನೋಡಿದೆ. ಹಡಗು ಹಿಡಿಸಲಿಲ್ಲ. ಆಳಂದದ ಬಸ್ ಸ್ಟ್ಯಾಂಡ್ ಇಟ್ಟು ನೋಡಿದೆ, ನೀರಿರಲಿಲ್ಲ.

"ಹೊಂದವಲ್ದ್ರಿ," ಎಂದೆ. "ಅದರ ಹೆಸರಽ ಅದಕ್ಕ ಇರಲಿ. ಇನ್ನೊಮ್ಮೆ ಓದ್ರಿ, ಏನೇನದ ಅಲ್ಲಿ?"

ಡಾಕ್ಟರು ಮತ್ತೆ ಓದಿದರು. ಉಪ್ಪಿನ ವಾಸನೆ, ಎಣ್ಣೆ ಬಿದ್ದ ಕಪ್ಪು ನೀರು, ಗೋಣಿಚೀಲ ಎತ್ತುವ ಕಬ್ಬಿಣದ ಕೈ, ಯಾರಿಗಾಗಿಯೋ ಹೂವು ಹಿಡಿದು ನಿಂತ ಮಂದಿ. ನಾನು ಒಂದನ್ನೂ ಕಣ್ಣಾರೆ ಕಂಡಿಲ್ಲ. ಮೊದಲ ಸಲ ಪುಸ್ತಕದ ಒಂದು ಊರು ಯಾವ ನಮ್ಮೂರಿನ ಆಸರೆಯೂ ಇಲ್ಲದೆ ನನ್ನ ತಲೆಯಲ್ಲಿ ನಿಂತಿತು, ಅದರ ಹೆಸರು ಸಹಿತ. ಇಂದಿಗೂ ಮರೆತಿಲ್ಲ.

ಮುದುಕಿಗೆ ಯಾರೂ ಬಂದಿರಲಿಲ್ಲ. ಅವಳು ಗಂಟು ಹಿಡಿದು ಇಳಿದು, ಚಹಾ ಮಾರುವವನ ಹತ್ತಿರ ಹೋದಳು. ಡಾಕ್ಟರು ಪುಟ ತಿರುವಿ, ವಿಚಾರ ಮಾಡದೆಯೇ ಓದಿಬಿಟ್ಟರು, "ಯಪ್ಪಾ, ನರೋಣಾಕ್ಕ ಹೋಗೂ ಬಸ್ ಎಲ್ಲಿ ನಿಲ್ತದ?"

ಮಾಸ್ತರರು ಮೊದಲು ನಕ್ಕರು. ಆಮೇಲೆ ನಾನು. ಹಿಟ್ಟಿನ ಕೈಯಿಂದಲೇ ಕಣ್ಣು ಒರೆಸಿಕೊಂಡು ಮುಖವೆಲ್ಲ ಬೆಳ್ಳಗಾಯಿತು. ಡಾಕ್ಟರು ಮಾತ್ರ ಏನೂ ತಿಳಿಯದವರಂತೆ ಟಿಕೆಟ್ ಎತ್ತಿ ಹಿಡಿದು, "ಇದನ್ನ ಎಲ್ಲಿಡ್ಲಿ?" ಎಂದು ಕೇಳಿದರು.

"ಆಕಿಗಿ ಕೊಡ್ರಿ," ಎಂದೆ. "ಬಸ್ಸಿಗಿ ಬೇಕಾಗ್ತದ."

ಅವರು ಅದನ್ನು ಆ ಪುಟದಲ್ಲೇ ಇಟ್ಟು ಮುಂದೆ ಓದಿದರು. ನಾನು ಹಂಚಿನ ಮೇಲೆ ರೊಟ್ಟಿ ಹಾಕಿದೆ.