ಸ್ಟೇ ಬಂದ ವರ್ಷದ ಗಂಜಿ

ನ್ಯಾಮತಿ ಹತ್ತಿರದ ನಮ್ಮ ಹಳ್ಳಿಯ ಶಾಲೆಯಲ್ಲಿ ನಾನು ಮಧ್ಯಾಹ್ನದ ಉಪ್ಪಿಟ್ಟು ಮಾಡುತ್ತಿದ್ದೆ. ಎಂಬತ್ತರ ದಶಕ ಆಗಷ್ಟೇ ಶುರುವಾಗಿತ್ತು. ನಾನು ಓದಿದ್ದು ಮೂರನೇ ಕ್ಲಾಸು. ಸೌಟು ಹಿಡಿಯಲು ಅಷ್ಟು ಸಾಕು, ಕೋರ್ಟಿನ ವಿಷಯ ತಿಳಿಯಲು ಸಾಲದು ಎಂದುಕೊಂಡಿದ್ದೆ.

ಆ ಜೂನ್‌ನಲ್ಲಿ ತಾಲ್ಲೂಕಿನ ಶಾಲೆಗಳಿಗೆಲ್ಲ ರವೆ ಒದಗಿಸುವ ಟೆಂಡರ್ ಹೊನ್ನಾಳಿಯ ಒಬ್ಬ ವ್ಯಾಪಾರಿಗೆ ಆಯಿತು. ಸಿಗದೆ ಹೋದವನು ಚನ್ನಗಿರಿಯವನು. ಟೆಂಡರ್ ಕೊಟ್ಟದ್ದೇ ತಪ್ಪು ಎಂದು ಅವನು ಕೋರ್ಟಿಗೆ ಹೋಗಿ ಸ್ಟೇ ತಂದ. ತೀರ್ಪು ಬರುವ ತನಕ ಯಾವ ಶಾಲೆಗೂ ಒಂದು ಮೂಟೆ ಇಳಿಸುವಂತಿಲ್ಲ. ಹೊನ್ನಾಳಿಯವನ ಟೆಂಡರ್ ಲಕೋಟೆಗೆ ಅರಗು ಸರಿಯಾಗಿ ಹಾಕಿರಲಿಲ್ಲವಂತೆ. ಆ ಅರಗಿನ ಮೇಲೆ ಇಬ್ಬರು ವಕೀಲರು ಮೂರು ವಾಯಿದೆ ಕಳೆದರು. ರವೆಯ ಮಾತನ್ನು ಯಾರೂ ಎತ್ತಲಿಲ್ಲ.

ನಮ್ಮ ಶಾಲೆಗೆ ಅರ್ಧ ಮಕ್ಕಳು ಬರುತ್ತಿದ್ದುದೇ ಉಪ್ಪಿಟ್ಟಿಗೆ. ನನ್ನ ಮಗಳೂ ಅವರಲ್ಲಿ ಒಬ್ಬಳು, ಸುಳ್ಳು ಯಾಕೆ ಹೇಳಲಿ. ರವೆ ನಿಂತ ಎರಡನೇ ವಾರಕ್ಕೆ ಕ್ಲಾಸಿನ ಕೋಣೆ ಖಾಲಿ ಖಾಲಿ ಕಾಣತೊಡಗಿತು.

ನನ್ನ ತವರು ಜಗಳೂರಿನ ಸೊಕ್ಕೆ ಕಡೆ, ಬರದ ಸೀಮೆ. ಇದ್ದ ಕಾಳನ್ನೇ ಒಡೆದು ಗಂಜಿ ಕಾಸುವುದನ್ನು ಅಲ್ಲಿಯವರಿಗೆ ಯಾರೂ ಕಲಿಸಬೇಕಿಲ್ಲ. "ನಾಳೆ ಬರೋವಾಗ ಒಂದೊಂದು ಹಿಡಿ ನುಚ್ಚು ತರ್ರಿ. ಅಕ್ಕಿದೋ, ಜೋಳದ್ದೋ, ಮನೇಲಿ ಯಾವುದೈತೋ ಅದು" ಎಂದು ಮಕ್ಕಳಿಗೆ ಹೇಳಿದೆ. ಎಲ್ಲವನ್ನೂ ಒಂದೇ ಹಂಡೆಗೆ ಸುರಿದೆ. ರುಚಿಯ ಮಾತು ಬೇಡ, ಬಿಸಿಯಾಗಿತ್ತು. ಹೋದ ಮಕ್ಕಳು ವಾಪಸ್ ಬಂದರು.

ಮುಂದಿನ ವಾಯಿದೆಗೆ ಹೊನ್ನಾಳಿಗೆ ಹೋಗಿ ಬಂದ ಹೆಡ್ ಮೇಷ್ಟ್ರು ನನ್ನ ಒಲೆಯ ಪಕ್ಕ ಬಕೀಟು ಬೋರಲು ಹಾಕಿಕೊಂಡು ಕೂತರು.

"ನಿನ್ನ ಗಂಜಿ ಕೋರ್ಟಿಗೆ ಹೋಗೈತಲ್ಲವ್ವ" ಎಂದರು.

"ಹಂಡೆ ಇಲ್ಲೇ ಐತಲ್ರೀ ಮೇಷ್ಟ್ರೇ."

"ಚನ್ನಗಿರಿಯವನ ವಕೀಲ ಏನಂದ ಗೊತ್ತಾ? ಮಕ್ಳು ಹೆಂಗೂ ಉಣ್ತಾ ಅದಾವೆ ಸ್ವಾಮಿ, ಸ್ಟೇ ತೆಗೆಯಾಕೆ ಏನು ಅವಸರ ಐತೆ ಅಂದ. ಜಡ್ಜು ಹೌದಲ್ಲ ಅಂದ್ರು. ವಾಯಿದೆ ಎರಡು ತಿಂಗಳು ಮುಂದಕ್ಕೆ ಹೋಯ್ತು."

ಹೀಗೆ ನನ್ನ ಗಂಜಿಯೇ ರವೆಗೆ ಅಡ್ಡ ಕೂತಿತು.

ಮೂರನೇ ದಿನ ಹೊನ್ನಾಳಿಯ ವ್ಯಾಪಾರಿ ಸ್ಕೂಟರ್‌ನಲ್ಲಿ ಬಂದ. "ಒಂದು ಹದಿನೈದು ದಿನ ಒಲೆ ಆರಿಸಮ್ಮ. ಮಕ್ಳು ಹಸಿದಾವೆ ಅಂತ ನಮ್ಮ ವಕೀಲರು ಹೇಳಾಕೆ ಆಗಬೇಕಲ್ಲ."

"ಮೊದ್ಲು ನಿಮ್ಮನೆ ಒಲೆ ಆರಿಸಿ ನೋಡ್ರಿ. ಹದಿನೈದು ಬ್ಯಾಡ, ಎರಡು ದಿನ. ಆಮೇಲೆ ನನ್ನ ಹತ್ರ ಬರ್ರಿ" ಎಂದೆ. ಅವನು ಮತ್ತೆ ಬರಲಿಲ್ಲ.

ಬಂದದ್ದು ಚನ್ನಗಿರಿಯವನ ಕಟ್ಟಿಗೆ, ಒಂದು ಗಾಡಿ ತುಂಬ. "ನಿಮ್ಮ ಒಲೆ ಆರಬಾರದಂತೆ, ಸಾಹುಕಾರ್ರು ಕಳಿಸ್ಯಾರೆ" ಎಂದ ಗಾಡಿಯವನು.

"ತಗಬ್ಯಾಡವ್ವ, ಲಂಚ ಅದು" ಎಂದರು ಮೇಷ್ಟ್ರು.

"ನಂಗೆ ಲಂಚ ಕೊಟ್ಟು ಏನು ತಗಂತಾನ್ರೀ ಅವನು, ಗಂಜೀನಾ? ಇಳಿಸಪ್ಪ" ಎಂದೆ. ಹಸಿ ಕಟ್ಟಿಗೆ. ಬರೀ ಹೊಗೆ.

ಆದರೂ ಮನಸ್ಸಿನಲ್ಲಿ ಒಂದು ಕೊರೆತ ಇದ್ದೇ ಇತ್ತು. ಒಲೆ ಆರಿಸಿದರೆ ರವೆ ಬೇಗ ಬರುತ್ತದೇನೋ. ಮಕ್ಕಳು ಎಷ್ಟು ದಿನ ಹಸಿದರೆ ಕೋರ್ಟಿಗೆ ಸಾಕಾಗುತ್ತದೆ ಎಂದು ಮೇಷ್ಟ್ರನ್ನು ಕೇಳಿದೆ. ಅದನ್ನು ಯಾವ ಕಾಗದದಲ್ಲೂ ಬರೆದಿಲ್ಲ ಎಂದರು. ಬರೆದಿಲ್ಲದ ಮೇಲೆ ನಾನೇಕೆ ಆರಿಸಲಿ? ವಾಯಿದೆ ಮುಂದಕ್ಕೆ ಹೋಗುತ್ತಲೇ ಇತ್ತು, ನಾನು ಬೇಸಿಗೆ ರಜೆಯ ತನಕ ಗಂಜಿ ಕಾಸಿದೆ.

ರಜೆಯಲ್ಲಿ ತೀರ್ಪು ಬಂತು. ಟೆಂಡರ್‌ನ ವರ್ಷವೇ ಮುಗಿದಿರುವುದರಿಂದ ಇನ್ನು ವಿಚಾರಿಸಲು ಏನೂ ಉಳಿದಿಲ್ಲವಂತೆ, ಕೇಸು ವಜಾ. ಮುಂದಿನ ಜೂನ್‌ನಲ್ಲಿ ಆ ಇಬ್ಬರೂ ಪಾಲುದಾರರಾಗಿ ಒಂದೇ ಲಕೋಟೆ ಹಾಕಿದರು. ಅರಗು ಚೆನ್ನಾಗಿ ಹಾಕಿದ್ದರಂತೆ.

ರವೆ ಬಂತು. ಮೊದಲ ದಿನದ ಉಪ್ಪಿಟ್ಟಿಗೂ ಮಕ್ಕಳು ಅಭ್ಯಾಸದಂತೆ ಹಿಡಿ ಹಿಡಿ ನುಚ್ಚು ತಂದಿದ್ದರು. ನುಚ್ಚನ್ನು ಮನೆಗೆ ವಾಪಸ್ ಕಳಿಸು ಎಂದರು ಮೇಷ್ಟ್ರು. ನಾನು ಕಳಿಸಲಿಲ್ಲ. ಡಬ್ಬಕ್ಕೆ ತುಂಬಿ, ಮುಚ್ಚಳ ಬಿಗಿದು ಅಟ್ಟದ ಮೇಲಿಟ್ಟೆ. ಪಾಲುದಾರರು ಜಗಳವಾಡಲು ಎಷ್ಟು ದಿನ ಬೇಕು?