ದೇವಿಗೆ ಕಣ್ಣು ಬರೆಯುವ ಸಾವಂತ್ರವ್ವ

ಪೀರನವಾಡಿಯಿಂದ ಮೊದಲ ಬಸ್ಸು ಹಿಡಿದ ಸಾವಂತ್ರವ್ವ ಗುಡಿ ತಲುಪುವಾಗ ಮಂಜು ಇನ್ನೂ ಗದ್ದೆಯಿಂದ ಎದ್ದಿರುವುದಿಲ್ಲ. ಖಾನಾಪುರ ದಾಟಿ ಜಾಂಬೋಟಿ ಕಡೆ ಹೋಗುವಾಗ ಒಳಕ್ಕೆ ಸರಿದ ಊರು. ಗುಡಿಯ ಬದಿಯ ಕೋಣೆಯಲ್ಲಿ ಗ್ರಾಮದೇವಿಯ ಕಟ್ಟಿಗೆಯ ಮೂರ್ತಿ. ಹುಣಸೆ ಬೀಜದ ಅಂಟಿಗೆ ಹಳದಿ ಬೆರೆಸಿ ಆಕೆ ದೇವಿಯ ಕೆನ್ನೆಗೆ ಕುಂಚ ತಾಗಿಸುತ್ತಾರೆ. ಬೆಳಕಿಂಡಿಯ ಬಿಸಿಲು ಇಳಿದಂತೆಲ್ಲ ಕೆನ್ನೆ ಬೆಚ್ಚಗಾಗುತ್ತದೆ. ಕಣ್ಣಿನ ಜಾಗ ಮಾತ್ರ ಬರೀ ಬಿಳಿ. ನಿದ್ದೆಯಲ್ಲೇ ಯಾರದೋ ಮಾತು ಕೇಳುತ್ತಿರುವಂಥ ಮುಖ.

ಹಿಂದಿನ ಬೆಂಚಿನ ಮೇಲೆ ಮೂವರು ಕುಳಿತು ಆಕೆಯ ಕೈಯನ್ನೇ ನೋಡುತ್ತಾರೆ. ಮೇಲಿನ ಗಲ್ಲಿಯ ತಮ್ಮಣ್ಣ, ಕೆಳಗಿನ ಗಲ್ಲಿಯ ಸಾತಪ್ಪ, ನಡುವೆ ಬೆಳಗಾವಿಯ ವಕೀಲೆ ಐಶ್ವರ್ಯಾ. ಜಾತ್ರೆ ನಡೆಸುವ ಹಕ್ಕು ಯಾವ ಗಲ್ಲಿಯದು ಎಂದು ಕೋರ್ಟಿಗೆ ಹೋದಂದಿನಿಂದ ಈ ಗಂಡಸರಿಬ್ಬರ ನಡುವೆ ಮಾತಿಲ್ಲ. ತೀರ್ಪು ಬರುವವರೆಗೆ ಉಸ್ತುವಾರಿಗೆ ಕೋರ್ಟು ಐಶ್ವರ್ಯಾ ಅವರನ್ನು ಕಮಿಷನರ್ ಮಾಡಿ ಕಳಿಸಿದೆ. ಮೂರ್ತಿಯ ಹತ್ತಿರ ಯಾರೂ ಒಬ್ಬರೇ ಇರಕೂಡದು, ಬಣ್ಣದ ಕೆಲಸ ಎರಡೂ ಕಡೆಯವರ ಕಣ್ಣೆದುರೇ ಆಗಬೇಕು ಎಂಬುದು ಆದೇಶ.

“ಮೊದಲ ದಿನ ಒಂದ ಕೆನ್ನಿ ಮೂರ ಸಲ ಒರಸೀನ್ರಿ,” ಎನ್ನುತ್ತಾರೆ ಸಾವಂತ್ರವ್ವ. “ಬೆನ್ನ ಮ್ಯಾಲೆ ಆರು ಕಣ್ಣು. ದೇವಿಗೆ ಇನ್ನೂ ಒಂದೂ ಇಲ್ಲ!”

ಕುಂಚ ಹಿಡಿಯಲು ಕಲಿಸಿದ್ದು ಅಪ್ಪ ಉಳವಪ್ಪ. ಅವರು ತೀರಿಕೊಂಡ ಮೇಲೆ ಊರುಗಳು ಆಕೆಯನ್ನು ಕರೆಯಲು ಹಿಂಜರಿದವು. “ಹೆಂಗಸು ದೇವಿ ಕಣ್ಣು ಬರೀಬಹುದೇನು ಅಂದ್ರು. ದೇವಿನೂ ಹೆಂಗಸ ಅಲ್ಲೇನ್ರಿ ಅಂದೆ. ಆಮ್ಯಾಲ ಕರದ್ರು.” ವರ್ಷದ ಉಳಿದ ದಿನ ತೊಟ್ಟಿಲು, ಮದುವೆ ಮಣೆ, ಗಣಪತಿಗಳಿಗೆ ಬಣ್ಣ. ಉಗುರಿನ ಸಂದಿಯ ಕೆಂಪು ಯಾವ ಸೋಪಿಗೂ ಹೋಗಿಲ್ಲ.

ಈ ಸಲ ಕಷ್ಟ ಬಂದದ್ದು ಕಣ್ಣಿನ ಕೆಲಸಕ್ಕೆ. ಕಣ್ಣು ಬರೆಯುವಾಗ ಯಾರೂ ನೋಡಬಾರದು, ದೇವಿ ಮೊದಲು ಕನ್ನಡಿಯಲ್ಲಿ ತನ್ನ ಮುಖವನ್ನೇ ನೋಡಬೇಕು ಎಂಬುದು ಊರಿನ ಪದ್ಧತಿ. ನೋಡುವವರೆದುರು ಬರೆದರೆ ಅಂಥ ದೇವಿಯನ್ನು ಊರು ಹೊರಗೆ ತರುವುದಿಲ್ಲ. ಒಬ್ಬರೇ ಬರೆದರೆ ಆದೇಶ ಮುರಿದಂತೆ. ಹೇಗೆ ಮಾಡಿದರೂ ಮಂಗಳವಾರದ ಜಾತ್ರೆ ನಿಲ್ಲುತ್ತದೆ.

ಐಶ್ವರ್ಯಾ ಸಾವಂತ್ರವ್ವನನ್ನು ಖಾನಾಪುರದ ಕೋರ್ಟಿಗೇ ಕರೆದುಕೊಂಡು ಹೋದರು. ಒಬ್ಬಳನ್ನೇ ಬಿಡಲಾಗದು ಎಂದು ಎರಡೂ ಕಡೆಯ ವಕೀಲರು ಎದ್ದು ನಿಂತರು. ಅದೊಂದರಲ್ಲಿ ಮಾತ್ರ ಅವರಿಗೆ ಒಮ್ಮತ.

“ನಿಮಗೇನು ಬೇಕಮ್ಮಾ?” ಎಂದು ನ್ಯಾಯಾಧೀಶರು ಕೇಳಿದರು.

“ಮೂರೂ ಮಂದಿ ಒಳಗ ಇರ್ಲಿ ಸಾಹೇಬ್ರ. ಗ್ವಾಡಿ ಕಡೆ ಮುಖ ಮಾಡಿ ಕುಂದರ್ಲಿ.”

ನ್ಯಾಯಾಧೀಶರು ಪೆನ್ನು ಕೆಳಗಿಟ್ಟು ನಕ್ಕರು. ಆಮೇಲೆ ಹಾಗೆಯೇ ಆದೇಶ ತಿದ್ದಿದರು.

ಇವತ್ತು ಆ ಬೆಳಗು. ಬಾಗಿಲಿಗೆ ಹಳೆಯ ಸೀರೆಯ ಪರದೆ ಬಿದ್ದಿದೆ. ಒಳಗೆ ಮೂವರೂ ಗೋಡೆಗೆ ಮುಖ ಮಾಡಿ ಕುಳಿತಿದ್ದಾರೆ. ಹೊರಗೆ ಜಗಲಿಯಲ್ಲಿ ಕುಳಿತರೆ ದೀಪದ ಎಣ್ಣೆಯ ವಾಸನೆ, ಸೀರೆಯ ಮೇಲೆ ತೇಲುವ ಒಂದು ನೆರಳು. ಇಡೀ ಊರು ಉಸಿರು ಹಿಡಿದು ನೀರಿನಡಿ ಕುಳಿತಂತೆ.

ಆಮೇಲೆ ಒಂದು ಕೆಮ್ಮು. “ಏ ಸಾತ್ಯಾ, ಹಣಿಕಿ ಹಾಕಬ್ಯಾಡ.” ತಮ್ಮಣ್ಣನ ದನಿ.

“ನೀ ಹಾಕಿದ್ರ ನಾನೂ ಹಾಕ್ತೀನಿ.”

“ಗ್ವಾಡಿ ನೋಡಿ ನೋಡಿ ಕಣ್ಣು ಮಂಜಾತಪಾ.”

ತಮ್ಮಣ್ಣನೇ ಮತ್ತೆ ಕೇಳುತ್ತಾರೆ: “ಮೊಣಕಾಲು ಹೆಂಗೈತೋ ಈಗ?”

“ಕುಂತ್ರ ಏಳಾಕ ಬರೂದಿಲ್ಲ.”

“ಏಳಬ್ಯಾಡ. ನಮ್ಮವ್ವ ಒಂದು ಎಣ್ಣಿ ಕಾಸ್ತಿದ್ಲಲ್ಲ, ನೆನಪೈತೇನು?”

“ನೆನಪಿಲ್ಲದ ಏನು. ಎಂಥಾ ವಾಸನಿ ಅದು!”

ಇಬ್ಬರೂ ನಗುತ್ತಾರೆ. ಪರದೆ ಸರಿಯುತ್ತದೆ. ಕುಂಚ ಒರೆಸುತ್ತ ಸಾವಂತ್ರವ್ವ ಹೊಸ್ತಿಲಿಗೆ ಬರುತ್ತಾರೆ. ಮುಗಿಯಿತೇ ಎಂದು ಕೇಳಿದರೆ ತುಟಿಯ ಮೇಲೆ ಬೆರಳಿಡುತ್ತಾರೆ.

“ಆಗಲೇ ಮುಗದೈತ್ರಿ. ಕನ್ನಡಿನೂ ತೋರಿಸೀನಿ. ಕಣ್ಣು ಚಲೋ ಬಂದಾವ,” ಎಂದು ಪಿಸುಗುಟ್ಟುತ್ತಾರೆ. “ಅವರಿಗೆ ಈಗ ಹೇಳಬ್ಯಾಡ್ರಿ. ಇನ್ನೊಂದೀಟು ಮಾತಾಡ್ಲಿ.”