ಹನ್ನೊಂದು ಮನೆಯ ದೇಶ

ಗರಾಜಿನಲ್ಲಿ ಏನೋ ಹುಳಿ ವಾಸನೆ ಎಂದು ನನ್ನ ಹೆಂಡತಿ ಹೇಳಿದಾಗ ನಾವಿಬ್ಬರೂ ಮೊದಲು ಅನುಮಾನಪಟ್ಟದ್ದು ದೋಸೆಹಿಟ್ಟಿನ ಮೇಲೆ. ಪಾಪ, ಅದು ಫ್ರಿಜ್ಜಿನಲ್ಲಿ ತಣ್ಣಗೆ ಕೂತಿತ್ತು. ಹುಡುಕುತ್ತಾ ಹೋದರೆ, ಅಕ್ಕಿಮೂಟೆಯ ಹಿಂದೆ ಯಾನೆಜ್ ಕೊಟ್ಟಿದ್ದ ವೈನಿನ ಬಾಟಲಿ ಬಿರಡೆಯ ಬುಡದಲ್ಲಿ ಜಿನುಗುತ್ತಿತ್ತು. ಇದು ಕೂಡಿಡುವ ವೈನಲ್ಲ, ವರ್ಷದೊಳಗೆ ಕುಡಿದುಬಿಡಿ ಎಂದು ಅವರು ಹೇಳಿಯೇ ಕೊಟ್ಟಿದ್ದರು. ಕುಡಿಯುವ ಅಭ್ಯಾಸವಿಲ್ಲ, ಕೊಟ್ಟದ್ದನ್ನು ಚೆಲ್ಲುವ ಮನಸ್ಸೂ ಇಲ್ಲ, ಹಾಗಾಗಿ ಮೂರು ವರ್ಷ ಇಟ್ಟುಕೊಂಡಿದ್ದೆ. ಅದೇ ಬೆಳಿಗ್ಗೆ ಇಡೀ ಬೇ ಏರಿಯಾದ ಕನ್ನಡಿಗರ ದೊಡ್ಡ ಕೂಟದಿಂದ ಸದಸ್ಯತ್ವ ನವೀಕರಣದ ಫಾರಮ್ಮು ಈಮೇಲಿನಲ್ಲಿ ಬಂದಿತ್ತು. ಇದಕ್ಕೂ ಅದಕ್ಕೂ ಏನು ಸಂಬಂಧ ಎನ್ನುತ್ತೀರಿ. ತಾಳಿ, ಹೇಳುತ್ತೇನೆ.

ಯಾನೆಜ್ ಬೇ ಏರಿಯಾದ ದಕ್ಷಿಣ ತುದಿಯ ಊರು ಗಿಲ್‌ರಾಯಿನಲ್ಲಿ ನಮ್ಮ ಬೇಲಿಯಾಚೆಯ ಮನೆಯಲ್ಲಿದ್ದವರು. ಲೇತ್ ಮೆಷಿನ್ನಿನ ಮೇಲೆ ನಲವತ್ತು ವರ್ಷ ದುಡಿದು ನಿವೃತ್ತರಾದವರು, ಊರು ಸ್ಲೊವೇನಿಯಾ. ಅವರು ಆ ಹೆಸರು ಹೇಳಿದಾಗ ಎಲ್ಲಾ ಗೊತ್ತಿದ್ದವನಂತೆ ತಲೆಯಾಡಿಸಿ, ಮನೆಗೆ ಬಂದು ಮ್ಯಾಪು ತೆಗೆದು ನೋಡಿದೆ. ನಮ್ಮ ಮೈಸೂರು ಜಿಲ್ಲೆಯಷ್ಟೂ ಜನರಿಲ್ಲ. ಅಷ್ಟಕ್ಕೇ ಒಂದು ಬಾವುಟ, ಒಂದು ಸೈನ್ಯ, ಒಂದು ರಾಷ್ಟ್ರಗೀತೆ. ಯುಗೊಸ್ಲಾವಿಯಾ ಎಂಬ ಒಂದು ಒಕ್ಕೂಟದಿಂದ ಬಿಡಿಸಿಕೊಂಡು ಬಂದ ಆ ದೇಶ, ಉಸಿರು ಬಿಟ್ಟು ಸುಧಾರಿಸಿಕೊಳ್ಳುವಷ್ಟರಲ್ಲಿ ಯೂರೋಪಿನ ಒಕ್ಕೂಟದ ಬಾಗಿಲು ತಟ್ಟಿತಂತೆ. ಕೂಡುಕುಟುಂಬದಿಂದ ಹೊರಬಂದು ಬೇರೆ ಒಲೆ ಹೂಡಿದವರು ಮತ್ತೊಂದು ಕೂಡುಕುಟುಂಬಕ್ಕೆ ಹೋಗಿ ಸೇರಿದ ಹಾಗಾಯಿತಲ್ಲ ಎಂದು ನಾನು ನಕ್ಕೆ.

ಯಾನೆಜ್ ನಗಲಿಲ್ಲ. ಚಿಕ್ಕವರು ಯಾರದಾದರೂ ನೆರಳಿಗೆ ಹೋಗಲೇಬೇಕು, ಆದರೆ ಒಳಗೆ ಕಾಲಿಡುವ ಮೊದಲೇ ಯಾವುದನ್ನು ಬಿಡುವುದಿಲ್ಲ ಎಂದು ಹೇಳಿಬಿಡಬೇಕು ಎಂದರು. ಅವರ ಊರಿನ ಗುಡ್ಡಗಳಲ್ಲಿ ಕೆಂಪು ದ್ರಾಕ್ಷಿ, ಬಿಳಿ ದ್ರಾಕ್ಷಿ ಎರಡನ್ನೂ ಬೆರೆಸಿ ಒಂದು ತೆಳು ಹುಳಿ ವೈನು ಮಾಡುತ್ತಾರೆ. ಹಾಗೆ ಬೆರೆಸುವಂತಿಲ್ಲ ಎನ್ನುವುದು ಒಕ್ಕೂಟದ ಕಾನೂನು. ಸ್ಲೊವೇನಿಯಾದವರು ತಮ್ಮ ನಾಣ್ಯ ಬಿಡಲು ಒಪ್ಪಿದರು, ಗಡಿಯ ಗೇಟು ತೆಗೆಯಲು ಒಪ್ಪಿದರು, ಈ ವೈನನ್ನು ಮಾತ್ರ ಬಿಡುವುದಿಲ್ಲ ಎಂದು ಪಟ್ಟು ಹಿಡಿದು ಕೂತರು. ಕೊನೆಗೆ ಅದೊಂದಕ್ಕೆ ವಿನಾಯಿತಿ ಬರೆಸಿಕೊಂಡರಂತೆ. "ಕುಡಿದರೆ ಮುಖ ಕಿವುಚುತ್ತದೆ. ಆದರೆ ಕಿವುಚುವ ಮುಖ ನಮ್ಮದು" ಎಂದು ಯಾನೆಜ್ ಎದೆಯುಬ್ಬಿಸಿ ಹೇಳಿದರು.

ಈಗ ನಮ್ಮ ದೇಶದ ಕಥೆ. ಮನೆ ಅಗ್ಗವೆಂದು ಗಿಲ್‌ರಾಯಿಗೆ ಬಂದು, ಆಫೀಸಿಗೆಂದು ದಿನಾ ಎರಡು ಮೂರು ಗಂಟೆ ಫ್ರೀವೇಯಲ್ಲಿ ಕಳೆಯುವ ಹನ್ನೊಂದು ಕನ್ನಡದ ಮನೆಗಳು ನಾವು. ಊರು ಬೆಳ್ಳುಳ್ಳಿಗೆ ಹೆಸರಾದ್ದರಿಂದ ಉತ್ತರಕ್ಕಿರುವ ಸ್ಯಾನ್ ಹೋಸೆ ಕಡೆಯ ಕನ್ನಡದವರು ನಮ್ಮನ್ನು ಬೆಳ್ಳುಳ್ಳಿ ಕೂಟ ಎಂದು ಛೇಡಿಸುತ್ತಿದ್ದರು. ನಮ್ಮ ಯುಗಾದಿ ನಾಗರಾಜನ ಗರಾಜಿನಲ್ಲಿ. ಕಾರು ಹೊರಗೆ, ಜಮಖಾನ ಒಳಗೆ, ಒಬ್ಬಟ್ಟು ನಾಗರಾಜನ ತಾಯಿ ಜಯಮ್ಮನವರದು. ಅವರು ಮದ್ದೂರಿನ ಕಡೆಯವರು. ಕಾರು ಓಡಿಸಲು ಬಾರದು, ಇಂಗ್ಲಿಷ್ ಬಾರದು, ಮೊಮ್ಮಕ್ಕಳು ಉತ್ತರ ಕೊಡುವುದೇ ಇಂಗ್ಲಿಷಿನಲ್ಲಿ. ವರ್ಷವೆಲ್ಲ ಯಾರಾದರೂ ಕರೆದುಕೊಂಡು ಹೋದರೆ ಹೋದರು, ಇಲ್ಲವಾದರೆ ಇಲ್ಲ. ಯುಗಾದಿಯ ಹಿಂದಿನ ದಿನ ಮಾತ್ರ ಹನ್ನೊಂದು ಮನೆಯ ಹೆಂಗಸರು ಅವರ ಮುಂದೆ ಕೂತು ಕಣಕ ನಾದುತ್ತಿದ್ದರು, ದೊಡ್ಡ ದೊಡ್ಡ ಕಂಪನಿಯ ಡೈರೆಕ್ಟರುಗಳು ಬೇಳೆ ಬಸಿಯುತ್ತಿದ್ದರು. ಹೂರಣ ಗಟ್ಟಿಯಾಯಿತು ಎಂದು ಅವರು ಗದರಿದರೆ ಯಾರೂ ಎದುರಾಡುತ್ತಿರಲಿಲ್ಲ. ಆ ಎರಡು ದಿನ ಗಿಲ್‌ರಾಯ್ ಜಯಮ್ಮನವರ ರಾಜ್ಯ.

ಮಕ್ಕಳಿಗೆ ಕನ್ನಡ ಕ್ಲಾಸು ಬೇಕು, ಕುಣಿಯಲು ಸ್ಟೇಜು ಬೇಕು ಎಂಬ ಮಾತೆದ್ದು, ದೊಡ್ಡ ಕೂಟಕ್ಕೆ ಸೇರೋಣ ಎಂದು ತೀರ್ಮಾನವಾಯಿತು. ಕಾರ್ಯದರ್ಶಿಯಾದ ನಾನೇ ರಾಯಭಾರಿ. ಇಸ್ತ್ರಿ ಅಂಗಿ ಹಾಕಿಕೊಂಡು ಪಾಲೋ ಆಲ್ಟೋದಲ್ಲಿದ್ದ ಅಧ್ಯಕ್ಷರ ಮನೆಗೆ ಹೋದೆ. ಅವರು ಬೆಂಗಳೂರಿನ ಡಾಕ್ಟರು, ಈ ದೇಶಕ್ಕೆ ಬಂದು ಮೂವತ್ತು ವರ್ಷ. ಕಾರ್ಯಕ್ರಮದಲ್ಲಿ ನಮಗೆ ಎಂಟು ನಿಮಿಷ ಕೇಳಿದೆ, ಕೊಟ್ಟರು. ಬ್ಯಾನರಿನಲ್ಲಿ ಹೆಸರು ಕೇಳಿದೆ, ಕೊಟ್ಟರು. ಮೂರು ಪಾರ್ಕಿಂಗ್ ಪಾಸು ಕೇಳಿದೆ, ಅದನ್ನೂ ಕೊಟ್ಟರು. ಬರೆದುಕೊಂಡು ಹೋಗಿದ್ದ ಚೀಟಿಯಲ್ಲಿ ಉಳಿದದ್ದು ಒಂದೇ, ಜಯಮ್ಮನವರ ಒಬ್ಬಟ್ಟು. ಅಷ್ಟು ದೊಡ್ಡ ಸೋಫಾದ ಮೇಲೆ ಕೂತು ಒಬ್ಬಟ್ಟಿಗಾಗಿ ವಾದಿಸುವುದು ಹೇಗೆ ಎಂದು ತೋಚದೆ, ಊಟದ ವಿಷಯ ಎಂದಷ್ಟೇ ತೊದಲಿದೆ.

"ಊಟ ಎಲ್ಲಾ ಕೇಟರರ್ದೇ ಸರ್, ಅದು ನಮ್ ರೂಲು. ಇನ್ನೇನಾದ್ರೂ ಬೇಕಿತ್ತಾ?" ಎಂದರು ಅಧ್ಯಕ್ಷರು.

"ಅಯ್ಯೋ, ಸಾಕು ಸರ್. ಇಷ್ಟೇ ಹೆಚ್ಚಾಯ್ತು" ಎಂದೆ.

ನಮ್ಮ ಪಂಕ್ತಿಯಲ್ಲಿ ಊಟ ಮಾಡಿದವರು ನೀವು, ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ. ಎಲೆಯ ಮೇಲೆ ಎರಡೂ ಕೈ ಅಡ್ಡ ಹಿಡಿದು ಸಾಕು ಸಾಕು ಎಂದರೆ, ಬಡಿಸುವವನು ಬೆರಳ ಸಂದಿಯಿಂದಲಾದರೂ ತುಪ್ಪ ಬಿಡುತ್ತಾನೆ. ಮೊದಲನೇ ಸಾಕಿಗೆ ನಿಲ್ಲಿಸುವವನನ್ನು ನಮ್ಮ ಕಡೆ ಬಡಿಸಲು ಕರೆಯುವುದೇ ಇಲ್ಲ. ಅವರು ಎರಡನೇ ಸಲ ಕೇಳಲಿ ಎಂದು ನಾನು ಕಾಯುತ್ತಿದ್ದೆ. ಅಧ್ಯಕ್ಷರು ಬೇರೆ ಬೇಡಿಕೆ ಇಲ್ಲ ಎಂದು ಟೈಪ್ ಮಾಡಿ ಲ್ಯಾಪ್‌ಟಾಪ್ ಮುಚ್ಚಿದರು. ಅವರದೇನೂ ತಪ್ಪಿಲ್ಲ, ಹೇಳಿದ ಮಾತನ್ನು ನಂಬುವುದನ್ನು ಅವರು ಮೂವತ್ತು ವರ್ಷದಲ್ಲಿ ಕಲಿತಿದ್ದರು. ಅಷ್ಟರಲ್ಲಿ ಅವರ ಹೆಂಡತಿ ಉಪ್ಪಿಟ್ಟು ತಂದು, ನಾನು ಬೇಡವೆಂದರೂ ಬಿಡದೆ ಮೂರು ಸಲ ಬಡಿಸಿದರು. ಸಂಧಾನಕ್ಕೆ ಅಡುಗೆಮನೆಗೇ ಹೋಗಿದ್ದರೆ ಒಬ್ಬಟ್ಟು ಉಳಿಯುತ್ತಿತ್ತು.

ಬೇಲಿಯ ಹತ್ತಿರ ನಿಂತು ಇದನ್ನೆಲ್ಲ ಹೇಳಿದಾಗ ಯಾನೆಜ್ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಆಮೇಲೆ ಒಳಗೆ ಹೋಗಿ ಅದೇ ಹುಳಿ ವೈನಿನ ಈ ಬಾಟಲಿ ತಂದು ಕೈಗಿಟ್ಟು, "ಕೇಳದೆ ಒಳಗೆ ಹೋದವರಿಗೆ" ಎಂದರು. ಮರುವರ್ಷ ಅವರು ಮಗಳ ಮನೆಗೆಂದು ಸ್ಯಾಕ್ರಮೆಂಟೋಗೆ ಹೊರಟುಹೋದರು.

ಒಕ್ಕೂಟ ಸೇರಿದ ಮೇಲಿನ ಮೊದಲ ಯುಗಾದಿ ಸ್ಯಾನ್ ಹೋಸೆಯ ದೊಡ್ಡ ಹಾಲಿನಲ್ಲಿ ನಡೆಯಿತು. ಜಯಮ್ಮನವರು ಹೊಸ ರೇಷ್ಮೆ ಸೀರೆ ಉಟ್ಟು ಹಿಂದಿನ ಸಾಲಿನ ಕುರ್ಚಿಯಲ್ಲಿ ಕೂತಿದ್ದರು. ತೊಡೆಯ ಮೇಲೆ ಊಟದ ಡಬ್ಬಿ, ಅದರಲ್ಲಿ ಪ್ಲಾಸ್ಟಿಕ್ ಸುತ್ತಿದ ಒಂದು ಒಬ್ಬಟ್ಟು. ಅದನ್ನು ಹಿಂದೆ ಮುಂದೆ ತಿರುಗಿಸಿ ನೋಡಿ, ಮತ್ತೆ ಡಬ್ಬಿಯಲ್ಲಿಟ್ಟು ಮುಚ್ಚಿದರು. ನಾನು ನೋಡುತ್ತಿದ್ದೇನೆಂದು ತಿಳಿದು, "ಚೆನ್ನಾಗದೆ ಕಣಪ್ಪ" ಎಂದರು. ನನಗೆ ತಲೆಯೆತ್ತಲಾಗಲಿಲ್ಲ. ಅವರ ರಾಜ್ಯವನ್ನು ಮೂರು ಪಾರ್ಕಿಂಗ್ ಪಾಸಿಗೆ ಬಿಟ್ಟುಕೊಟ್ಟು ಬಂದವನು ನಾನು. ಹೀಗೆಯೇ ಮೂರು ಯುಗಾದಿ ಕಳೆದವು, ಮೂರು ವರ್ಷವೂ ಫಾರಮ್ಮಿನ ಕೊನೆಯ ಖಾನೆಯಲ್ಲಿ ವಿಶೇಷ ಬೇಡಿಕೆ ಏನೂ ಇಲ್ಲ ಎಂದೇ ಬರೆದೆ.

ಈ ಸಲ ವೈನನ್ನು ಗುಲಾಬಿ ಗಿಡದ ಬುಡಕ್ಕೆ ಸುರಿದೆ. ಸುರಿಯುವ ಮುಂಚೆ ಒಂದು ಹನಿ ನಾಲಿಗೆಗೆ ಹಚ್ಚಿಕೊಂಡೆ, ಮುಖ ಕಿವುಚಿತು. ನೇರವಾಗಿ ನಾಗರಾಜನ ಮನೆಗೆ ಹೋಗಿ, ಅಮ್ಮ, ಈ ವರ್ಷ ಒಬ್ಬಟ್ಟು ನಮ್ಮದೇ ಎಂದು ಕೇಳೋಣವೆಂದಿದ್ದೇನೆ ಎಂದೆ.

"ಬ್ಯಾಡ ಬುಡಪ್ಪ" ಎಂದರು ಜಯಮ್ಮನವರು. "ಅಷ್ಟ್ ದೊಡ್ಡೋರು, ಯಾಕ್ ಸುಮ್ನೆ ಅವ್ರಿಗೆ ತೊಂದ್ರೆ."

ಇದು ಯಾವ ಬೇಡ ಎಂದು ನನಗಿಂತ ಚೆನ್ನಾಗಿ ಬಲ್ಲವರು ಈ ಬೇ ಏರಿಯಾದಲ್ಲಿ ಯಾರಿದ್ದಾರೆ? ಎರಡನೇ ಸಲ ಕೇಳಿದೆ. ಮಂಡಿ ನೋವು ಎಂದರು. ಅದು ನಿಜವೇ. ಮೂರನೇ ಸಲ ಕೇಳಿದೆ. ಅವರು ಸೆರಗಿಗೆ ಕೈ ಒರೆಸಿಕೊಂಡರು.

"ಎಷ್ಟ್ ಜನುಕ್ಕೆ?" ಎಂದರು.

ಹನ್ನೊಂದು ಮನೆಗೆ ಎಂದು ಹೇಳಿ ಎದ್ದು ಬಂದೆ. ಬಂದವನು ಫಾರಮ್ಮಿನ ಕೊನೆಯ ಖಾನೆಯಲ್ಲಿ, ಗಿಲ್‌ರಾಯಿನವರ ಒಬ್ಬಟ್ಟನ್ನು ಜಯಮ್ಮನವರೇ ಮಾಡುತ್ತಾರೆ, ಇದಾಗದಿದ್ದರೆ ನಾವು ಗರಾಜಿನಲ್ಲೇ ಯುಗಾದಿ ಮಾಡಿಕೊಳ್ಳುತ್ತೇವೆ ಎಂದು ಬರೆದೆ. ಕೆಳಗೆ ದಯವಿಟ್ಟು ದೊಡ್ಡ ಮನಸ್ಸು ಮಾಡಿ ಎಂದು ಎರಡು ಸಲ ಟೈಪ್ ಮಾಡಿದೆ. ಎರಡು ಸಲವೂ ಅಳಿಸಿ, ಕಳಿಸಿದೆ.